ಹಳ್ಳದ ಮೀನು ಅರೋಯೊ ಚಬ್

ಅರೋಯೊ ಚಬ್ ದಕ್ಷಿಣ ಕ್ಯಾಲಿಫೋರ್ನಿಯಾದ ಕರಾವಳಿಯ ತೊರೆಗಳಿಗಷ್ಟೇ ಸೀಮಿತವಾದ ಒಂದು ಸಣ್ಣ ಸಿಹಿನೀರಿನ ಮೀನು. ಲಾಸ್ ಏಂಜಲಿಸ್‌ನ ಬೆನ್ನಿಗಿರುವ ಬೆಟ್ಟಸಾಲಿನಿಂದ ಸ್ಯಾನ್ ಡಿಯೇಗೊ ಕೌಂಟಿಯ ಉತ್ತರ ಭಾಗದವರೆಗೆ, ಪೆಸಿಫಿಕ್ ಸಾಗರದ ಕಡೆಗೆ ಹರಿಯುವ ಏಳು ನದಿ-ತೊರೆಗಳು ಇದರ ಮೂಲ ನೆಲೆ. ಬೆಳೆದ ಮೀನಿನ ಉದ್ದ ಸಾಮಾನ್ಯವಾಗಿ 7ರಿಂದ 10 ಸೆಂಟಿಮೀಟರ್. 12 ಸೆಂಟಿಮೀಟರ್ ಮೀರುವುದು ಅಪರೂಪ. ಇದಕ್ಕೆ ಮಾರುಕಟ್ಟೆಯಲ್ಲಿ ಬೆಲೆಯಿಲ್ಲ. ಗಾಳ ಹಾಕುವವರಿಗೆ ಇದು ಹೇಳಿಕೊಳ್ಳುವಂಥ ಬೇಟೆಯೂ ಅಲ್ಲ. ಆದ್ದರಿಂದಲೇ ಒಂದು ಕೋಟಿಗೂ ಹೆಚ್ಚು ಜನ ಇದರ ಜಲಾನಯನ ಪ್ರದೇಶಗಳಲ್ಲಿ ಮನೆ ಮಾಡಿಕೊಂಡಿದ್ದರೂ ಇದರ ಹೆಸರು ಬಲ್ಲವರು ವಿರಳ.

ಈ ಮೀನಿನ ಕಥೆಯಲ್ಲಿ ಮೇಲ್ನೋಟಕ್ಕೆ ವಿಚಿತ್ರವೆನಿಸುವ ಒಂದು ವಿರೋಧವಿದೆ. ನೆರೆ, ಬರ, ಬಿಸಿನೀರು, ಉಸಿರಿಗೆ ಸಾಲದಷ್ಟು ಆಮ್ಲಜನಕ, ಇವೆಲ್ಲವನ್ನೂ ತಾಳಿಕೊಳ್ಳುವ ಗಟ್ಟಿ ಜೀವಿ ಇದು. ಮನುಷ್ಯರು ಇದನ್ನು ಒಯ್ದು ಬಿಟ್ಟ ಪರ ಊರಿನ ನದಿಗಳಲ್ಲಿ ಹುಲುಸಾಗಿ ಬೆಳೆದಿದೆ. ತನ್ನ ಹುಟ್ಟುನೆಲೆಯಲ್ಲಿ ಮಾತ್ರ ಬಹುಪಾಲು ಕಡೆ ಅಳಿದಿದೆ ಅಥವಾ ಅಳಿವಿನ ಅಂಚಿನಲ್ಲಿದೆ. ಈ ವಿರೋಧ ಹೇಗೆ ಉಂಟಾಯಿತು, ಬೇರೆಡೆ ಸಮೃದ್ಧವಾಗಿರುವ ಮೀನಿನ ಬಗ್ಗೆ ನಾವು ಏಕೆ ಕಳವಳಪಡಬೇಕು ಎಂಬುದನ್ನು ವಿವರಿಸುವುದು ಈ ಲೇಖನದ ಉದ್ದೇಶ.

ಹೆಸರು ಮತ್ತು ವರ್ಗೀಕರಣ

ಅರೋಯೊ ಎಂಬ ಸ್ಪ್ಯಾನಿಷ್ ಪದಕ್ಕೆ ಈ ಸೀಮೆಯಲ್ಲಿ ಮಳೆ ಬಂದಾಗ ಮೈದುಂಬಿ ಹರಿದು, ಬೇಸಿಗೆಯಲ್ಲಿ ಸೊರಗಿ ಅಲ್ಲಲ್ಲಿ ಗುಂಡಿಗಳಾಗಿ ಉಳಿಯುವ ಸಣ್ಣ ಹರಿವು ಎಂಬ ಅರ್ಥ ರೂಢಿಯಲ್ಲಿದೆ. ಇಂಗ್ಲಿಷಿನಲ್ಲಿ ಇದಕ್ಕೆ ಒಂದೇ ಪದದ ಸಾಟಿ ಸಿಗುವುದು ಕಷ್ಟ. ಕನ್ನಡದಲ್ಲಿ ಆ ತೊಡಕಿಲ್ಲ. ಹೊಳೆ, ತೊರೆ, ಹಳ್ಳ, ಕೊರಕಲುಗಳನ್ನು ಬೇರೆ ಬೇರೆಯಾಗಿ ಗುರುತಿಸುವ ನಮಗೆ ಅರೋಯೊ ಎಂದರೆ ಹಳ್ಳ. ಬಯಲುಸೀಮೆಯ ಹಳ್ಳವನ್ನು ಕಂಡವರಿಗೆ ಇದರ ಸ್ವಭಾವವನ್ನು ಬೇರೆ ವಿವರಿಸಬೇಕಾಗಿಲ್ಲ.

ಚಬ್ ಎಂಬುದು ಗೆಂಡೆ ಮೀನಿನ ಬಳಗದ ಹಲವು ಸಣ್ಣ ಮೀನುಗಳಿಗೆ ಇಂಗ್ಲಿಷಿನಲ್ಲಿರುವ ಸಾಮಾನ್ಯ ಹೆಸರು. ನಮ್ಮ ಕೆರೆ-ಹೊಳೆಗಳ ಕಾಟ್ಲಾ, ರೋಹು, ಮಹಶೀರ್‌ಗಳಿಗೆ ಇದು ದೂರದ ದಾಯಾದಿ. ಶಾಸ್ತ್ರೀಯ ನಾಮ ಹೀಲಾ ಆರ್ಕಟಿಯೈ. ಮೊದಲ ಪದ ಅರಿಜೋನಾದ ಹೀಲಾ ನದಿಯಿಂದ ಬಂದದ್ದು. ಎರಡನೆಯದು ಸ್ಯಾನ್ ಡಿಯೇಗೊದ ನಿಸರ್ಗಶಾಸ್ತ್ರಜ್ಞ ಚಾರ್ಲ್ಸ್ ರಸೆಲ್ ಆರ್ಕಟ್ (1864–1929) ಅವರ ಗೌರವಾರ್ಥ ಇಟ್ಟದ್ದು. ಸಸ್ಯ, ಚಿಪ್ಪು, ಮೀನು ಎಂಬ ಭೇದವಿಲ್ಲದೆ ಕಂಡದ್ದನ್ನೆಲ್ಲ ಸಂಗ್ರಹಿಸುತ್ತಿದ್ದ ಆರ್ಕಟ್ ಕೊನೆಗೆ ಹೈಟಿ ದ್ವೀಪದಲ್ಲಿ ತೀರಿಕೊಂಡರು.

ಈ ಮೀನನ್ನು 1890ರಲ್ಲಿ ವಿಜ್ಞಾನಕ್ಕೆ ಪರಿಚಯಿಸಿದವರು ಕಾರ್ಲ್ ಐಗನ್‌ಮನ್ ಮತ್ತು ರೋಸಾ ಸ್ಮಿತ್ ಐಗನ್‌ಮನ್ ದಂಪತಿ. ಈ ಜೋಡಿಯಲ್ಲಿ ರೋಸಾ (1858–1947) ಅವರ ಹೆಸರು ವಿಶೇಷವಾಗಿ ಉಲ್ಲೇಖಾರ್ಹ. ಸ್ಯಾನ್ ಡಿಯೇಗೊದ ಪಾಯಿಂಟ್ ಲೋಮಾ ಭೂಶಿರದ ಕೆಳಗಿನ ಗುಹೆಗಳಲ್ಲಿ ಬದುಕುವ ಕುರುಡು ಮೀನೊಂದನ್ನು ಅವರು ಮದುವೆಗೆ ಮುನ್ನವೇ ವರ್ಣಿಸಿದ್ದರು. ಮತ್ಸ್ಯಶಾಸ್ತ್ರದಲ್ಲಿ ಹೆಸರು ಮಾಡಿದ ಮೊದಲ ಮಹಿಳೆಯರಲ್ಲಿ ಅವರೊಬ್ಬರು. ಅರೋಯೊ ಚಬ್‌ನ ಮೂಲ ಮಾದರಿಗಳು ದೊರೆತದ್ದು ಟೆಮೆಕ್ಯುಲಾ ಬಳಿಯ ಹರಿವಿನಲ್ಲಿ. ಆಗ ಆ ಊರು ಸ್ಯಾನ್ ಡಿಯೇಗೊ ಕೌಂಟಿಯೊಳಗಿತ್ತು. ರಿವರ್‌ಸೈಡ್ ಕೌಂಟಿ ಹುಟ್ಟಿದ್ದು 1893ರಲ್ಲಿ.

ರೂಪ, ಆಹಾರ, ಸಂತಾನ

ದುಂಡಗಿನ ಗಿಡ್ಡ ಮೈ, ತುಸು ದೊಡ್ಡ ಕಣ್ಣು, ಸಣ್ಣ ಬಾಯಿ. ಬೆನ್ನು ಬೂದಿ ಬಣ್ಣದಿಂದ ಪಾಚಿಹಸಿರಿನವರೆಗೆ, ಹೊಟ್ಟೆ ಬಿಳಿ. ಪಕ್ಕೆಯ ಉದ್ದಕ್ಕೂ ಮಸುಕಾದ ಬೂದು ಪಟ್ಟಿ. ದಡದಲ್ಲಿ ನಿಂತು ನೋಡುವವರಿಗೆ ಮರಳಿನ ಮೇಲೆ ಹರಿದಾಡುವ ನೆರಳಿಗಿಂತ ಹೆಚ್ಚೇನೂ ಕಾಣದು. ಹೆಣ್ಣು ಗಂಡಿಗಿಂತ ದೊಡ್ಡದಾಗಿ ಬೆಳೆಯುತ್ತದೆ. ಆಯಸ್ಸು ನಾಲ್ಕು ವರ್ಷ ದಾಟುವುದು ವಿರಳ.

ಹರಿವು ನಿಧಾನವಾದ, ತಳದಲ್ಲಿ ಮರಳು ಅಥವಾ ಕೆಸರಿರುವ, ಮೊಣಕಾಲು ಮುಳುಗುವಷ್ಟು ಆಳದ ನೀರು ಇದಕ್ಕೆ ಇಷ್ಟ. ಕನ್ನಡದಲ್ಲಿ ಮಡು ಎಂದು ನಾವು ಕರೆಯುವ ಜಾಗ ಇದರ ನೆಚ್ಚಿನ ಮನೆ. ಆಹಾರದ ಆಯ್ಕೆಯಲ್ಲಿ ಇದಕ್ಕೆ ಮಡಿವಂತಿಕೆಯಿಲ್ಲ. ಹೊಟ್ಟೆಯೊಳಗಿನ ಆಹಾರವನ್ನು ಪರೀಕ್ಷಿಸಿದ ಅಧ್ಯಯನದಲ್ಲಿ ಶೇಕಡಾ 60ರಿಂದ 80ರಷ್ಟು ಪಾಚಿಯೇ ಕಂಡುಬಂದಿತ್ತು. ಉಳಿದದ್ದು ಕೀಟಗಳ ಮರಿಗಳು, ಸಣ್ಣ ಕಠಿಣಚರ್ಮಿಗಳು. ನೀರಿನ ಮೇಲೆ ತೇಲುವ ಅಜೋಲಾ ಜರೀಗಿಡದ ಬೇರುಗಳನ್ನೂ ಇದು ಕಚ್ಚಿ ತಿನ್ನುತ್ತದೆ. ಆ ಬೇರುಗಳಲ್ಲಿ ಸೇರಿಕೊಂಡ ದುಂಡುಹುಳುಗಳು ಆಗ ಇದರ ಆಹಾರವಾಗುತ್ತವೆ.

ಒಂದು ವರ್ಷಕ್ಕೆ ಪ್ರಾಯಕ್ಕೆ ಬರುವ ಹೆಣ್ಣು ಫೆಬ್ರುವರಿಯಿಂದ ಆಗಸ್ಟ್‌ವರೆಗೆ ಕಂತುಕಂತಾಗಿ ಮೊಟ್ಟೆ ಇಡುತ್ತದೆ. ಜೂನ್ ಮತ್ತು ಜುಲೈ ತಿಂಗಳುಗಳು ಇದರ ಸುಗ್ಗಿ. ಮೊಟ್ಟೆಗಳು ನೀರಗಿಡಗಳಿಗೆ ಅಂಟಿಕೊಳ್ಳುತ್ತವೆ. ನೀರು 24 ಡಿಗ್ರಿ ಸೆಲ್ಸಿಯಸ್‌ನಷ್ಟು ಬೆಚ್ಚಗಿದ್ದರೆ ನಾಲ್ಕು ದಿನಗಳಲ್ಲಿ ಮರಿಗಳು ಹೊರಬರುತ್ತವೆ. ಮೊದಲ ಮೂರು-ನಾಲ್ಕು ತಿಂಗಳನ್ನು ಮರಿಗಳು ದಡದ ಗಿಡಗಳ ನಡುವಿನ ನಿಶ್ಚಲ ನೀರಿನಲ್ಲಿ ಕಳೆಯುತ್ತವೆ. ಮಡು, ನೀರಗಿಡ, ದಡದ ನಿಂತ ನೀರು, ಈ ಮೂರೂ ಒಟ್ಟಿಗೆ ಇಲ್ಲದ ಕಡೆ ಈ ಮೀನಿನ ವಂಶ ಮುಂದುವರಿಯುವುದು ಕಠಿಣ ಎಂಬುದನ್ನು ಓದುಗರು ನೆನಪಿನಲ್ಲಿಟ್ಟುಕೊಳ್ಳಬೇಕು. ಮುಂದಿನ ಕಥೆಯೆಲ್ಲ ಈ ಮೂರರ ನಷ್ಟದ ಕಥೆಯೇ.

ನೆರೆ-ಬರಗಳ ನಾಡಿಗೆ ಒಗ್ಗಿದ ಜೀವ

ದಕ್ಷಿಣ ಕ್ಯಾಲಿಫೋರ್ನಿಯಾದ ಮಳೆ ಬಹುಮಟ್ಟಿಗೆ ನವೆಂಬರ್‌ನಿಂದ ಮಾರ್ಚ್‌ವರೆಗಿನ ತಿಂಗಳುಗಳಿಗೆ ಸೀಮಿತ. ಆ ಮಳೆಯೂ ವರ್ಷದಿಂದ ವರ್ಷಕ್ಕೆ ಏರುಪೇರು. ಸ್ಯಾನ್ ಗೇಬ್ರಿಯಲ್ ಬೆಟ್ಟಗಳು ಸಮುದ್ರದಿಂದ ಹೆಚ್ಚು ದೂರವಿಲ್ಲದೆ ಕಡಿದಾಗಿ ಮೂರು ಸಾವಿರ ಮೀಟರ್‌ವರೆಗೆ ಏರುತ್ತವೆ. ಅಲ್ಲಿ ಬಿದ್ದ ನೀರು ಕೆಲವೇ ಗಂಟೆಗಳಲ್ಲಿ ಬಂಡೆಗಳನ್ನು ಉರುಳಿಸಿಕೊಂಡು ಬಯಲಿಗೆ ನುಗ್ಗುತ್ತದೆ. ಅನಂತರ ಏಳೆಂಟು ತಿಂಗಳು ಮಳೆಯ ಸುಳಿವಿರುವುದಿಲ್ಲ. ಹರಿವು ಕಡಿದು, ಉಳಿದ ಮಡುಗಳಲ್ಲಿ ನೀರು ಬಿಸಿಯೇರಿ, ರಾತ್ರಿ ಹೊತ್ತು ಆಮ್ಲಜನಕ ತೀರ ಕುಸಿಯುತ್ತದೆ.

ಅರೋಯೊ ಚಬ್ ರೂಪುಗೊಂಡದ್ದು ಈ ಅತಿರೇಕಗಳ ನಡುವೆ. ತಾಪಮಾನದ ದೊಡ್ಡ ಏರಿಳಿತವನ್ನೂ ಕಡಿಮೆ ಆಮ್ಲಜನಕವನ್ನೂ ತಾಳುವ ಇದರ ಶಕ್ತಿಯನ್ನು 1980ರ ದಶಕದ ಪ್ರಯೋಗಗಳು ದೃಢಪಡಿಸಿವೆ. ನೆರೆ ಬಂದಾಗ ಕೆಲವು ಮೀನುಗಳು ಕೆಳಕ್ಕೆ ಕೊಚ್ಚಿಹೋಗುತ್ತವೆ. ನೀರು ಇಳಿದ ಮೇಲೆ ಬದುಕುಳಿದವು ಹೊಸ ಮಡುಗಳನ್ನು ಸೇರಿಕೊಳ್ಳುತ್ತವೆ. ಬರಗಾಲದಲ್ಲಿ ಒಂದು ಉಪನದಿ ಒಣಗಿದರೆ ಮುಂದಿನ ಮಳೆಯಲ್ಲಿ ಪಕ್ಕದ ಉಪನದಿಯಿಂದ ಮೀನು ಬಂದು ಅದನ್ನು ತುಂಬುತ್ತದೆ. ಒಂದು ಕಡೆ ಅಳಿದದ್ದು ಇನ್ನೊಂದು ಕಡೆಯಿಂದ ಮರಳುವ ಈ ವ್ಯವಸ್ಥೆ ನಡೆಯಬೇಕಾದರೆ ಬೆಟ್ಟದಿಂದ ಬಯಲಿನವರೆಗೆ ನೀರಿನ ದಾರಿ ತೆರೆದಿರಬೇಕು.

ಮೂಲ ನೆಲೆಗಳು

ಉತ್ತರದಿಂದ ದಕ್ಷಿಣಕ್ಕೆ ಬರುವುದಾದರೆ ಆ ಏಳು ಹರಿವುಗಳು ಹೀಗಿವೆ: ಮಾಲಿಬು ಕ್ರೀಕ್, ಲಾಸ್ ಏಂಜಲಿಸ್ ನದಿ, ಸ್ಯಾನ್ ಗೇಬ್ರಿಯಲ್ ನದಿ, ಸಾಂತಾ ಅನಾ ನದಿ, ಸ್ಯಾನ್ ಹುವಾನ್ ಕ್ರೀಕ್, ಸಾಂತಾ ಮಾರ್ಗರಿಟಾ ನದಿ, ಸ್ಯಾನ್ ಲೂಯಿಸ್ ರೇ ನದಿ. ಇವುಗಳಲ್ಲಿ ಮಾಲಿಬು ಕ್ರೀಕ್‌ನ ಪರಿಸರವನ್ನು ಅಲ್ಲಿನ ಕನ್ನಡಿಗರಲ್ಲಿ ಅನೇಕರು ತಿಳಿಯದೆಯೇ ಕಂಡಿರುತ್ತಾರೆ. ಕ್ಯಾಲಬಾಸಸ್‌ನಲ್ಲಿರುವ ಮಾಲಿಬು ವೆಂಕಟೇಶ್ವರ ದೇವಸ್ಥಾನಕ್ಕೆ ಹೋಗುವ ಲಾಸ್ ವರ್ಜೆನೆಸ್ ರಸ್ತೆ ಅದೇ ಹೆಸರಿನ ತೊರೆಯ ಕಣಿವೆಯಲ್ಲಿ ಸಾಗುತ್ತದೆ. ಆ ತೊರೆ ದೇವಸ್ಥಾನದಿಂದ ತುಸು ಕೆಳಗೆ, ರಾಜ್ಯ ಉದ್ಯಾನದೊಳಗೆ ಮಾಲಿಬು ಕ್ರೀಕನ್ನು ಕೂಡುತ್ತದೆ.

1993ರಲ್ಲಿ ಸ್ವಿಫ್ಟ್ ಮತ್ತು ಸಹೋದ್ಯೋಗಿಗಳು ದಕ್ಷಿಣ ಕ್ಯಾಲಿಫೋರ್ನಿಯಾದ ಸಿಹಿನೀರಿನ ಮೀನುಗಳ ಸ್ಥಿತಿಗತಿಯ ವಿಸ್ತೃತ ಸಮೀಕ್ಷೆಯನ್ನು ಪ್ರಕಟಿಸಿದರು. ಅದರ ಪ್ರಕಾರ ಅರೋಯೊ ಚಬ್ ತನ್ನ ಮೂಲ ನೆಲೆಯಲ್ಲಿ ಸಾಕಷ್ಟು ಸಂಖ್ಯೆಯಲ್ಲಿ ಉಳಿದಿದ್ದದ್ದು ನಾಲ್ಕೇ ಕಡೆ: ಸಾಂತಾ ಮಾರ್ಗರಿಟಾ ನದಿಯ ಮೇಲ್ಭಾಗ ಮತ್ತು ಅದರ ಉಪನದಿ ಡಿ ಲೂಜ್, ಆರೆಂಜ್ ಕೌಂಟಿಯ ಟ್ರಬೂಕೊ ಮತ್ತು ಸ್ಯಾನ್ ಹುವಾನ್ ತೊರೆಗಳು, ಮಾಲಿಬು ಕ್ರೀಕ್, ಕಾಗ್ಸ್‌ವೆಲ್ ಜಲಾಶಯದ ಕೆಳಗಿನ ಸ್ಯಾನ್ ಗೇಬ್ರಿಯಲ್ ನದಿಯ ಪಶ್ಚಿಮ ಕವಲು. ಉಳಿದ ಕಡೆ ಅದು ತೀರ ವಿರಳ ಅಥವಾ ನಿರ್ನಾಮ.

ಕಾಂಕ್ರೀಟ್ ಹಾಸಿದ ನದಿ

ಲಾಸ್ ಏಂಜಲಿಸ್ ನದಿಯ ಕಥೆ ಇವೆಲ್ಲವುಗಳಲ್ಲಿ ಹೆಚ್ಚು ನಿಚ್ಚಳ. 1938ರ ಫೆಬ್ರುವರಿ ಕೊನೆ ಮತ್ತು ಮಾರ್ಚ್ ಮೊದಲ ದಿನಗಳಲ್ಲಿ ಸುರಿದ ಮಳೆಗೆ ನದಿ ಉಕ್ಕಿ ನೂರಕ್ಕೂ ಹೆಚ್ಚು ಜನ ಸತ್ತರು. ಪಾತ್ರವನ್ನು ಬದಲಿಸುತ್ತ ಬಯಲಿನಲ್ಲೆಲ್ಲ ಅಲೆಯುತ್ತಿದ್ದ ನದಿಯನ್ನು ಇನ್ನು ಕಟ್ಟಿಹಾಕಲೇಬೇಕೆಂಬ ನಿರ್ಧಾರ ಆಗ ಗಟ್ಟಿಯಾಯಿತು. ಅಮೆರಿಕದ ಸೇನಾ ಇಂಜಿನಿಯರುಗಳ ದಳ ಮುಂದಿನ ಎರಡು ದಶಕಗಳಲ್ಲಿ ಸುಮಾರು 82 ಕಿಲೋಮೀಟರ್ ಉದ್ದದ ನದಿಯ ಬಹುಭಾಗಕ್ಕೆ ಕಾಂಕ್ರೀಟ್ ಹಾಸಿತು. ಜನರ ಪ್ರಾಣ ಉಳಿಸುವ ಕೆಲಸವಾಗಿ ಅದನ್ನು ತೆಗಳುವುದು ಸುಲಭವಲ್ಲ. ನದಿಯ ಹಳೆಯ ಬಯಲಿನಲ್ಲೇ ನಗರ ಬೆಳೆದಿತ್ತು.

ಮೀನಿನ ದೃಷ್ಟಿಯಿಂದ ಮಾತ್ರ ಆ ಕಾಮಗಾರಿ ಮಡು, ನೀರಗಿಡ, ದಡದ ನಿಂತ ನೀರು ಮೂರನ್ನೂ ಒಂದೇ ಏಟಿಗೆ ತೆಗೆದುಹಾಕಿತು. ನುಣುಪಾದ ಕಾಲುವೆಯಲ್ಲಿ ನೆರೆಯ ನೀರು ಎಲ್ಲಿಯೂ ತಡೆಯದೆ ಸಾಗರಕ್ಕೆ ಧಾವಿಸುತ್ತದೆ. ಬೇಸಿಗೆಯಲ್ಲಿ ತೆಳುವಾದ ಪದರವಾಗಿ ಬಿಸಿಲಿಗೆ ಕಾಯುತ್ತದೆ. ಮೂರು ಕಡೆ ಮಾತ್ರ ನದಿಗೆ ಮಣ್ಣಿನ ತಳವಿದೆ: ಸೆಪುಲ್ವೆಡಾ ಬಯಲು, ಗ್ಲೆಂಡೇಲ್ ನ್ಯಾರೋಸ್, ಲಾಂಗ್ ಬೀಚ್‌ನ ಅಳಿವೆ. ಗ್ಲೆಂಡೇಲ್ ನ್ಯಾರೋಸ್‌ನಲ್ಲಿ ಅಂತರ್ಜಲ ಕೆಳಗಿನಿಂದ ಒತ್ತಿ ಬರುತ್ತಿದ್ದುದರಿಂದ ತಳಕ್ಕೆ ಕಾಂಕ್ರೀಟ್ ಹಾಸಲಾಗಲಿಲ್ಲ. ಇಂದು ಅಲ್ಲಿ ಮರಗಳಿವೆ, ಬಕಪಕ್ಷಿಗಳಿವೆ, ಗಾಳ ಹಿಡಿದು ಕೂತವರೂ ಇದ್ದಾರೆ.

ಹಾಗಾದರೆ ಅಲ್ಲಿ ಅರೋಯೊ ಚಬ್ ಇರಬೇಕಲ್ಲವೇ? ಲಾಸ್ ಏಂಜಲಿಸ್ ನದಿಯ ಗೆಳೆಯರು ಎಂಬ ಸಂಸ್ಥೆ 2007–08ರಲ್ಲಿ ಗ್ಲೆಂಡೇಲ್ ನ್ಯಾರೋಸ್‌ನಲ್ಲಿ ಮೀನುಗಳ ಸಮೀಕ್ಷೆ ನಡೆಸಿತು. ಒಟ್ಟು 1,214 ಮೀನುಗಳು ಸಿಕ್ಕವು. ಅವು ಎಂಟು ಪ್ರಭೇದಗಳಿಗೆ ಸೇರಿದ್ದವು. ಆ ಎಂಟರಲ್ಲಿ ಒಂದೂ ಈ ನದಿಯ ಮೂಲನಿವಾಸಿಯಾಗಿರಲಿಲ್ಲ. ಅತಿ ಹೆಚ್ಚು ಸಿಕ್ಕದ್ದು ಗಂಬೂಸಿಯಾ ಎಂಬ ಸೊಳ್ಳೆಮೀನು, ಎರಡನೆಯದು ಆಫ್ರಿಕಾ ಮೂಲದ ಟಿಲಾಪಿಯಾ. ಸಾಮಾನ್ಯ ಗೆಂಡೆ, ಅಮೆಜಾನಿನ ಕವಚದ ಮೀನು, ಹಸಿರು ಸನ್‌ಫಿಶ್, ಲಾರ್ಜ್‌ಮೌತ್ ಬಾಸ್ ಇತ್ಯಾದಿ ಉಳಿದವು.

ಬೆಂಗಳೂರಿನ ಕೆರೆಗಳನ್ನು ಬಲ್ಲವರಿಗೆ ಈ ಪಟ್ಟಿಯ ಮೊದಲ ಹೆಸರುಗಳು ಅಪರಿಚಿತವಲ್ಲ. ಟಿಲಾಪಿಯಾ ಮತ್ತು ಸಾಮಾನ್ಯ ಗೆಂಡೆ ಇಂದು ಕರ್ನಾಟಕದ ಕೆರೆಗಳಲ್ಲಿ ಸರ್ವೇಸಾಮಾನ್ಯ. ಸೊಳ್ಳೆ ನಿಯಂತ್ರಣಕ್ಕೆಂದು ಗಂಬೂಸಿಯಾವನ್ನು ಕ್ಯಾಲಿಫೋರ್ನಿಯಾಕ್ಕೆ ತಂದದ್ದು 1922ರಲ್ಲಿ, ಭಾರತಕ್ಕೆ ತಂದದ್ದು 1928ರಲ್ಲಿ. ಹದಿನಾಲ್ಕು ಸಾವಿರ ಕಿಲೋಮೀಟರ್ ದೂರದ ಎರಡು ನಗರಗಳ ನೀರಿನಲ್ಲಿ ಒಂದೇ ಮೀನುಗಳು ಈಜುತ್ತಿವೆ. ಎರಡೂ ಕಡೆ ಅಲ್ಲಲ್ಲಿನ ಹಳೆಯ ಮೀನುಗಳು ಹಿಂದೆ ಸರಿದಿವೆ.

ಸದಾ ಹರಿಯುವ ನೀರಿನ ಅಪಾಯ

ಹೊರಗಿನ ಮೀನುಗಳು ಇಲ್ಲಿ ಗೆದ್ದದ್ದು ಹೇಗೆ ಎಂಬ ಪ್ರಶ್ನೆಗೆ ಉತ್ತರ ನೀರಿನ ಸ್ವಭಾವ ಬದಲಾದದ್ದರಲ್ಲಿದೆ. ಹಿಂದೆ ಬೇಸಿಗೆಯಲ್ಲಿ ಸೊರಗುತ್ತಿದ್ದ ಹರಿವುಗಳು ಈಗ ವರ್ಷವಿಡೀ ಹರಿಯುತ್ತವೆ. ಸ್ಯಾನ್ ಫರ್ನಾಂಡೊ ಕಣಿವೆಯ ಟಿಲ್‌ಮನ್ ಘಟಕ 1985ರಿಂದ ಶುದ್ಧೀಕರಿಸಿದ ಕೊಳಚೆನೀರನ್ನು ಬಿಡುಗಡೆ ಮಾಡುತ್ತಿದೆ. ಮಳೆಯಿಲ್ಲದ ದಿನಗಳಲ್ಲಿ ಲಾಸ್ ಏಂಜಲಿಸ್ ನದಿಯ ನೀರಿನ ದೊಡ್ಡ ಪಾಲು ಇಂಥ ಘಟಕಗಳದ್ದು. ಇದರ ಜೊತೆಗೆ ಹುಲ್ಲುಹಾಸಿಗೆ ಹಾಯಿಸಿದ ನೀರು, ರಸ್ತೆ ತೊಳೆದ ನೀರು ಚರಂಡಿಗಳ ಮೂಲಕ ಬಂದು ಸೇರುತ್ತದೆ. ಅಣೆಕಟ್ಟುಗಳು ನೆರೆಯ ಸೊಕ್ಕನ್ನು ಮುರಿದಿವೆ.

ಮೇಲ್ನೋಟಕ್ಕೆ ಇದು ಮೀನಿಗೆ ವರದಾನದಂತೆ ಕಾಣುತ್ತದೆ. ನಿಜಸ್ಥಿತಿ ಬೇರೆ. ಬಾಸ್, ಸನ್‌ಫಿಶ್, ಕೆಂಪು ಶೈನರ್ ಮುಂತಾದವು ಅಮೆರಿಕದ ಪೂರ್ವ ಮತ್ತು ಮಧ್ಯಭಾಗದಿಂದ ಬಂದವು. ಬೇಸಿಗೆಯಲ್ಲೂ ಬತ್ತದ ನೀರು ಅವಕ್ಕೆ ಬೇಕು. ಹಿಂದಿನ ಹಳ್ಳಗಳಲ್ಲಿ ಅವು ಕಾಲೂರುವುದು ಕಷ್ಟವಿತ್ತು. ನೆರೆ-ಬರಗಳೆರಡೂ ತಗ್ಗಿದಾಗ, ಆ ಕಷ್ಟಗಳನ್ನು ತಾಳಬಲ್ಲ ಜೀವಿಗೆ ಇದ್ದ ಒಂದೇ ಅನುಕೂಲವೂ ಹೋಯಿತು. ಬಾಸ್ ಮತ್ತು ಸನ್‌ಫಿಶ್ ಚಬ್‌ಗಳನ್ನು ತಿನ್ನುತ್ತವೆ. ಕೆಂಪು ಶೈನರ್ ಅದೇ ಆಹಾರಕ್ಕೂ ಜಾಗಕ್ಕೂ ಪೈಪೋಟಿ ನಡೆಸುತ್ತದೆ. ಗಂಬೂಸಿಯಾ ಮರಿಗಳನ್ನು ಕಾಡುತ್ತದೆ. ಇವುಗಳ ಜೊತೆಗೆ ಕೆಂಪು ಸಿಗಡಿ, ದೊಡ್ಡ ಗೂಳಿಗಪ್ಪೆ, ದಡವನ್ನು ಮುತ್ತಿ ನೀರು ಹೀರುವ ಅರುಂಡೊ ಎಂಬ ದೈತ್ಯ ಜೊಂಡು ಸೇರಿಕೊಂಡಿವೆ.

ಸೊಳ್ಳೆಯ ವಿಷಯದಲ್ಲಿ ಒಂದು ಸಂಗತಿ ಗಮನಾರ್ಹ. ರಿವರ್‌ಸೈಡ್‌ನ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದ ಸಂಶೋಧಕರು 2007ರಲ್ಲಿ ಪ್ರಕಟಿಸಿದ ಅಧ್ಯಯನವೊಂದು ಅರೋಯೊ ಚಬ್ ಮತ್ತು ಗಂಬೂಸಿಯಾಗಳ ಸೊಳ್ಳೆ ನಿಯಂತ್ರಣ ಸಾಮರ್ಥ್ಯವನ್ನು ಹೋಲಿಸಿ ನೋಡಿತು. ಸ್ಥಳೀಯ ಮೀನೂ ಸೊಳ್ಳೆಯ ಮರಿಹುಳುಗಳನ್ನು ಹತೋಟಿಯಲ್ಲಿಡಬಲ್ಲದು ಎಂದು ಅದರಿಂದ ತಿಳಿದುಬಂತು. ಯಾವ ಕೆಲಸಕ್ಕೆಂದು ಹೊರಗಿನ ಮೀನನ್ನು ತಂದು ಬಿಟ್ಟರೋ ಆ ಕೆಲಸ ಮಾಡಬಲ್ಲ ಮೀನು ಇಲ್ಲಿಯೇ ಇತ್ತು.

ಸ್ಯಾನ್ ಡಿಯೇಗೊ ಸೀಮೆಯ ಸಾಂತಾ ಮಾರ್ಗರಿಟಾ

ನಾನು ನೆಲೆಸಿರುವ ಸ್ಯಾನ್ ಡಿಯೇಗೊ ಕೌಂಟಿಯ ಉತ್ತರ ಭಾಗದಲ್ಲಿ ಚಿತ್ರ ಸ್ವಲ್ಪ ಬೇರೆ. ಟೆಮೆಕ್ಯುಲಾ ಮತ್ತು ಮರಿಯೆಟಾ ತೊರೆಗಳು ಕೂಡುವಲ್ಲಿ ಹುಟ್ಟುವ ಸಾಂತಾ ಮಾರ್ಗರಿಟಾ ನದಿ ಕಡಿದಾದ ಕಮರಿಯೊಂದನ್ನು ದಾಟಿ, ಫಾಲ್‌ಬ್ರೂಕ್ ಊರಿನ ಅಂಚಿನಲ್ಲಿ ಸಾಗಿ, ಕ್ಯಾಂಪ್ ಪೆಂಡಲ್‌ಟನ್ ಎಂಬ ನೌಕಾಪದಾತಿ ನೆಲೆಯ ಮೂಲಕ ಸಾಗರ ಸೇರುತ್ತದೆ. ದಕ್ಷಿಣ ಕ್ಯಾಲಿಫೋರ್ನಿಯಾದ ಕರಾವಳಿಯಲ್ಲಿ ಮುಖ್ಯ ಪಾತ್ರಕ್ಕೆ ದೊಡ್ಡ ಅಣೆಕಟ್ಟಿಲ್ಲದೆ ಹರಿಯುವ ಕೆಲವೇ ನದಿಗಳಲ್ಲಿ ಇದೊಂದು. ಕಮರಿಯ ಸುತ್ತಣ ಪ್ರದೇಶ ಸ್ಯಾನ್ ಡಿಯೇಗೊ ಸ್ಟೇಟ್ ವಿಶ್ವವಿದ್ಯಾಲಯ ನೋಡಿಕೊಳ್ಳುವ ಅಧ್ಯಯನ ವನವಾಗಿದೆ. 1942ರಲ್ಲಿ ಸ್ಥಾಪನೆಯಾದ ಸೇನಾನೆಲೆ ತನ್ನ ಪಾಲಿನ ಕರಾವಳಿಯಲ್ಲಿ ಬಡಾವಣೆಗಳು ಏಳದಂತೆ ತಡೆದಿದೆ.

ಫಾಲ್‌ಬ್ರೂಕ್ ಬಳಿಯ ನದಿಯಂಚಿನ ಕಾಲುದಾರಿಯಲ್ಲಿ ನಾನು ಹಲವು ವರ್ಷಗಳಿಂದ ನಡೆದಿದ್ದೇನೆ. ಆಲ್ಡರ್ ಮತ್ತು ವಿಲೋ ಮರಗಳ ನೆರಳಿನಲ್ಲಿ, ಮರಳುತಳದ ಮಡುಗಳಲ್ಲಿ ಸಣ್ಣ ಮೀನುಗಳ ಗುಂಪುಗಳು ಕಾಣುತ್ತವೆ. ಯಾವುದು ಚಬ್, ಯಾವುದು ಅನ್ಯ ಮೀನಿನ ಮರಿ ಎಂದು ದಡದಿಂದ ನಿರ್ಣಯಿಸುವುದು ತಜ್ಞರಿಗೂ ಕಷ್ಟ. ಆದರೆ ಹಳೆಯ ಹಳ್ಳ ಹೇಗಿದ್ದಿರಬಹುದು ಎಂಬುದನ್ನು ತಿಳಿಯಲು ಇದಕ್ಕಿಂತ ಒಳ್ಳೆಯ ಜಾಗ ನನಗೆ ಗೊತ್ತಿಲ್ಲ. ಈ ಮೀನಿಗೆ ಹೆಸರಿಟ್ಟ ಮೂಲ ಮಾದರಿಗಳು ದೊರೆತದ್ದೂ ಇದೇ ಜಲಾನಯನದ ಮೇಲ್ಭಾಗದಲ್ಲಿ. ಹಾಗೆಂದು ಇದು ಸುರಕ್ಷಿತ ಎನ್ನುವಂತಿಲ್ಲ. ಟೆಮೆಕ್ಯುಲಾ ತೊರೆಗೆ 1940ರ ದಶಕದಲ್ಲೇ ವೇಲ್ ಅಣೆಕಟ್ಟು ಬಂದಿದೆ; ಮೇಲ್ಭಾಗದ ಟೆಮೆಕ್ಯುಲಾ, ಮರಿಯೆಟಾ ಊರುಗಳು ಕಳೆದ ನಾಲ್ಕು ದಶಕಗಳಲ್ಲಿ ದೊಡ್ಡ ನಗರಗಳಾಗಿವೆ; ಅನ್ಯ ಮೀನುಗಳು ಇಲ್ಲಿಗೂ ತಲುಪಿವೆ.

ಬೇರೆಡೆ ಬದುಕಿದರೆ ಸಾಲದೇ?

ಸಾಂತಾ ಕ್ಲಾರಾ, ಸಾಂತಾ ಇನೆಜ್, ಸಾಂತಾ ಮರಿಯಾ, ಕೂಯಾಮಾ, ಮೊಹಾವಿ ನದಿಗಳಲ್ಲಿ ಅರೋಯೊ ಚಬ್ ಇದೆ; ಅವು ಯಾವುವೂ ಅದರ ಮೂಲ ನೆಲೆಗಳಲ್ಲ. ಗಾಳದ ಎರೆಯಾಗಿಯೋ ಬೇರೆ ಮೀನುಗಳ ಜೊತೆ ಬೆರೆತೋ ಅಲ್ಲಿಗೆ ಹೋದದ್ದು. ಒಟ್ಟು ಸಂಖ್ಯೆಯನ್ನಷ್ಟೇ ಎಣಿಸಿದರೆ ಈ ಮೀನಿಗೆ ಅಪಾಯವಿಲ್ಲ ಎಂದು ವಾದಿಸಬಹುದು. ಆ ವಾದ ಏಕೆ ನಿಲ್ಲದು ಎಂಬುದಕ್ಕೆ ಮೊಹಾವಿ ನದಿಯೇ ಸಾಕ್ಷಿ.

ಮರುಭೂಮಿಯಲ್ಲಿ ಹರಿದು ಮರಳಿನಲ್ಲೇ ಇಂಗುವ ಮೊಹಾವಿ ನದಿಗೆ ತನ್ನದೇ ಆದ ಒಂದು ಮೀನಿತ್ತು: ಮೊಹಾವಿ ಟುಯಿ ಚಬ್. 1930ರ ದಶಕದಲ್ಲಿ ಅರೋಯೊ ಚಬ್ ಆ ನದಿಗೆ ಬಂತು. ಎರಡೂ ಕೂಡಿ ಬೆರಕೆ ಸಂತಾನ ಹುಟ್ಟಿತು. 1943ರಲ್ಲೇ ಕಾರ್ಲ್ ಹಬ್ಸ್ ಮತ್ತು ರಾಬರ್ಟ್ ಮಿಲ್ಲರ್ ಈ ಸಾಮೂಹಿಕ ಸಂಕರವನ್ನು ದಾಖಲಿಸಿದರು. ನೆರೆಯ ರಭಸಕ್ಕೆ ಒಗ್ಗಿದ ಅರೋಯೊ ಚಬ್ ನದಿಯಲ್ಲಿ ಉಳಿಯಿತು. ಕೆರೆಯ ಬದುಕಿಗೆ ಒಗ್ಗಿದ ಟುಯಿ ಚಬ್ ನದಿಯಿಂದ ಮಾಯವಾಯಿತು. 1970ರಿಂದ ಟುಯಿ ಚಬ್ ಅಮೆರಿಕದ ಅಳಿವಿನಂಚಿನ ಜೀವಿಗಳ ಪಟ್ಟಿಯಲ್ಲಿದೆ. ಲಾಸ್ ಏಂಜಲಿಸ್‌ನಿಂದ ಲಾಸ್ ವೇಗಸ್‌ಗೆ ಹೋಗುವ ಹೆದ್ದಾರಿಯಲ್ಲಿ ಜೈಜಿಕ್ಸ್ ಎಂಬ ವಿಚಿತ್ರ ಹೆಸರಿನ ಫಲಕವನ್ನು ಅನೇಕರು ಗಮನಿಸಿರಬಹುದು. ಆ ಅಡ್ಡರಸ್ತೆಯ ತುದಿಯ ಬುಗ್ಗೆ ಮತ್ತು ಕೊಳವೇ ಆ ಮೀನಿಗೆ ಉಳಿದ ಮುಖ್ಯ ಆಸರೆಯಾಯಿತು. ತನ್ನ ಊರಿನಲ್ಲಿ ಸಂತ್ರಸ್ತವಾದ ಮೀನು ಪರ ಊರಿನಲ್ಲಿ ಇನ್ನೊಂದು ಮೀನನ್ನು ಅಳಿಸಿತು.

ಕನ್ನಡನಾಡಿನ ಓದುಗರಿಗೆ ಇದಕ್ಕೆ ಹತ್ತಿರದ ನಿದರ್ಶನ ಕಾವೇರಿಯಲ್ಲಿದೆ. ಕಾವೇರಿಯ ಗೂನುಬೆನ್ನಿನ, ಕಿತ್ತಳೆ ರೆಕ್ಕೆಯ ಮಹಶೀರ್ ಜಗತ್ತಿನ ಅತಿ ದೊಡ್ಡ ಮಹಶೀರ್‌ಗಳಲ್ಲಿ ಒಂದು. 1970ರ ದಶಕದಿಂದ ಮಹಾರಾಷ್ಟ್ರದ ಲೋನಾವಳದ ಮರಿ ಉತ್ಪಾದನಾ ಕೇಂದ್ರದಲ್ಲಿ ಬೆಳೆಸಿದ ನೀಲಿ ರೆಕ್ಕೆಯ ಮಹಶೀರ್ ಮರಿಗಳನ್ನು ಸಂರಕ್ಷಣೆಯ ಸದುದ್ದೇಶದಿಂದಲೇ ಹಲವು ನದಿಗಳಿಗೆ ಬಿಡಲಾಯಿತು. ಕಾವೇರಿಯೂ ಅವುಗಳಲ್ಲಿ ಒಂದು. ನೀಲಿ ರೆಕ್ಕೆಯದು ಅಲ್ಲಿ ಹೆಚ್ಚಿತು, ಕಿತ್ತಳೆ ರೆಕ್ಕೆಯದು ಕುಗ್ಗುತ್ತ ಹೋಯಿತು. 2018ರಲ್ಲಿ ಆ ಮೀನಿನ ಶಾಸ್ತ್ರೀಯ ಗುರುತು ಖಚಿತವಾಯಿತು; ಅದೇ ವರ್ಷ ಅದು ಅಂತರರಾಷ್ಟ್ರೀಯ ಕೆಂಪುಪಟ್ಟಿಯ ಅತ್ಯಂತ ಗಂಭೀರ ವರ್ಗಕ್ಕೆ ಸೇರಿತು. ಒಂದು ಮೀನನ್ನು ಉಳಿಸುವುದೆಂದರೆ ಅದನ್ನು ಅದರ ನೀರಿನಲ್ಲಿ ಉಳಿಸುವುದು ಎಂಬ ಪಾಠ ಕಾವೇರಿ ಮತ್ತು ಮೊಹಾವಿಗಳೆರಡರದ್ದೂ ಹೌದು.

ಇನ್ನೊಂದು ಕಾರಣವೂ ಇದೆ. ಅರೋಯೊ ಚಬ್‌ನ ವಂಶವಾಹಿಗಳ ಕುರಿತು 2016ರಲ್ಲಿ ಪ್ರಕಟವಾದ ಅಧ್ಯಯನ, ಬೇರೆ ಬೇರೆ ನದಿಗಳ ಸಮುದಾಯಗಳು ಪರಸ್ಪರ ಸ್ಪಷ್ಟವಾಗಿ ಭಿನ್ನವೆಂದೂ ಹಲವು ಸಮುದಾಯಗಳು ಸಣ್ಣದಾಗಿ, ಒಂಟಿಯಾಗಿ ಉಳಿದಿವೆಯೆಂದೂ ತೋರಿಸಿತು. ಮಾಲಿಬುವಿನ ಚಬ್ ಅಳಿದರೆ ಸಾಂತಾ ಕ್ಲಾರಾದ ಮೀನನ್ನು ತಂದು ತುಂಬಿದ ಮಾತ್ರಕ್ಕೆ ಕಳೆದುಹೋದದ್ದು ಮರಳುವುದಿಲ್ಲ.

ಕಾನೂನಿನ ಸ್ಥಾನ

ಲಾಸ್ ಏಂಜಲಿಸ್ ಬಯಲಿನ ಇತರ ಮೂಲನಿವಾಸಿ ಮೀನುಗಳಲ್ಲಿ ಕವಚರಹಿತ ಸ್ಟಿಕಲ್‌ಬ್ಯಾಕ್ 1970ರಿಂದ ಕೇಂದ್ರ ಸರ್ಕಾರದ ಅಳಿವಿನಂಚಿನ ಪಟ್ಟಿಯಲ್ಲಿದೆ. ಸಾಂತಾ ಅನಾ ಸಕ್ಕರ್ 2000ದಲ್ಲಿ ಅಪಾಯಕ್ಕೊಳಗಾದ ಜೀವಿಯೆಂದು ಘೋಷಿತವಾಯಿತು. ಸಾಂತಾ ಅನಾ ಸ್ಪೆಕಲ್ಡ್ ಡೇಸ್ ಮೀನನ್ನೂ ಅದೇ ಪಟ್ಟಿಗೆ ಸೇರಿಸುವ ಪ್ರಸ್ತಾವ 2024ರಲ್ಲಿ ಬಂತು. ಅರೋಯೊ ಚಬ್‌ಗೆ ಆ ರಕ್ಷಣೆ ದೊರೆತಿಲ್ಲ. ಕ್ಯಾಲಿಫೋರ್ನಿಯಾ ರಾಜ್ಯ ಇದನ್ನು ವಿಶೇಷ ಕಾಳಜಿಯ ಪ್ರಭೇದವೆಂದು ಗುರುತಿಸಿದೆ; ಕೆಂಪುಪಟ್ಟಿ ಇದನ್ನು ಅಪಾಯಕ್ಕೆ ಈಡಾಗಬಲ್ಲ ವರ್ಗದಲ್ಲಿಟ್ಟಿದೆ. ಕಾಮಗಾರಿಗಳ ಪರಿಸರ ವರದಿಯಲ್ಲಿ ಇದರ ಪ್ರಸ್ತಾಪವಾಗಬೇಕು ಎಂಬಷ್ಟಕ್ಕೆ ರಾಜ್ಯದ ಮಾನ್ಯತೆಯ ಬಲ ಹೆಚ್ಚುಕಡಿಮೆ ಮುಗಿಯುತ್ತದೆ. ಬಿಗ್ ಟುಹಂಗಾ ತೊರೆಯಂತಹ ಕಡೆ ಸಕ್ಕರ್, ಡೇಸ್, ಚಬ್ ಮೂರೂ ಒಟ್ಟಿಗಿವೆ. ಅಲ್ಲಿ ಸಕ್ಕರ್‌ಗೆ ಸಿಗುವ ಕಾನೂನಿನ ನೆರಳು ಚಬ್‌ಗೂ ದಕ್ಕುತ್ತದೆ. ಸಕ್ಕರ್ ಇಲ್ಲದ ಸಾಂತಾ ಮಾರ್ಗರಿಟಾದಲ್ಲಿ ಆ ನೆರಳೂ ಇಲ್ಲ.

ಬೆಂಕಿ, ಹೂಳು, ಮರುಸ್ಥಾಪನೆ

ಇತ್ತೀಚಿನ ದೊಡ್ಡ ಭೀತಿ ಕಾಳ್ಗಿಚ್ಚಿನದು. 2009ರ ಸ್ಟೇಷನ್ ಬೆಂಕಿ ಬಿಗ್ ಟುಹಂಗಾ ಕಣಿವೆಯನ್ನು ಸುಟ್ಟಿತು; 2018ರ ವೂಲ್ಸಿ ಬೆಂಕಿ ಸುಮಾರು 97,000 ಎಕರೆಯನ್ನು ಆವರಿಸಿ ಮಾಲಿಬು ಕ್ರೀಕ್ ಉದ್ಯಾನದ ಬಹುಭಾಗವನ್ನು ಕಪ್ಪಾಗಿಸಿತು; 2020ರ ಬಾಬ್‌ಕ್ಯಾಟ್ ಬೆಂಕಿ ಸ್ಯಾನ್ ಗೇಬ್ರಿಯಲ್ ಬೆಟ್ಟಗಳಲ್ಲಿ ಒಂದು ಲಕ್ಷ ಎಕರೆಗೂ ಹೆಚ್ಚು ಕಾಡನ್ನು ನುಂಗಿತು. ಬೆಂಕಿಗಿಂತ ಅದರ ನಂತರದ ಮೊದಲ ಮಳೆ ಮೀನಿಗೆ ಹೆಚ್ಚು ಮಾರಕ. ಬೇರು ಸುಟ್ಟ ಇಳಿಜಾರಿನಿಂದ ಬೂದಿ ಮತ್ತು ಮಣ್ಣು ಕೆಸರಾಗಿ ಇಳಿದು ಮಡುಗಳನ್ನು ತುಂಬುತ್ತದೆ. ಹಿಂದೆಯೂ ಕಾಡು ಸುಡುತ್ತಿತ್ತು. ಆದರೆ ಬಯಲಿನಲ್ಲಿ ಉಳಿದ ಮೀನು ಮತ್ತೆ ಬೆಟ್ಟ ಹತ್ತುತ್ತಿತ್ತು. ಈಗ ಕೆಳಗೆ ಕಾಂಕ್ರೀಟಿದೆ, ನಡುವೆ ಅಣೆಕಟ್ಟಿದೆ. ಮೇಲಿನ ಸಮುದಾಯ ಅಳಿದರೆ ಮರಳಿ ತುಂಬುವ ದಾರಿ ಮುಚ್ಚಿದೆ.

ಆ ದಾರಿಯನ್ನು ಮನುಷ್ಯರೇ ತೆರೆಯುವ ಪ್ರಯತ್ನಗಳೂ ನಡೆದಿವೆ. ಪಸಡೀನಾದ ಅರೋಯೊ ಸೆಕೊ ಲಾಸ್ ಏಂಜಲಿಸ್ ನದಿಯ ಉಪನದಿ. ಅದರ ಒಂದು ಭಾಗದಲ್ಲಿ ದಡ ಸರಿಪಡಿಸಿ, ಸ್ಥಳೀಯ ಗಿಡ ನೆಟ್ಟು, 2008ರಲ್ಲಿ ಸುಮಾರು 300 ಅರೋಯೊ ಚಬ್‌ಗಳನ್ನು ಬಿಡಲಾಯಿತು. ಇಲ್ಲಿ ಮೀನನ್ನು ತಂದದ್ದು ಅದರ ಹಳೆಯ ನೆಲೆಗೇ ಎಂಬುದು ಮೊಹಾವಿಗೂ ಇದಕ್ಕೂ ಇರುವ ಮುಖ್ಯ ವ್ಯತ್ಯಾಸ.

ಓದುಗರು ಮಾಡಬಹುದಾದದ್ದು

ಈ ಸೀಮೆಯಲ್ಲಿರುವವರು ಸಾಕುಮೀನು, ಆಮೆ, ಬಸವನಹುಳು, ಅಕ್ವೇರಿಯಂ ಗಿಡಗಳನ್ನು ತೊರೆ-ಕೆರೆಗಳಿಗೆ ಬಿಡಬಾರದು. ಪುಣ್ಯವೆಂದು ಭಾವಿಸಿ ಬಿಡುವ ಮೀನೂ ಇದಕ್ಕೆ ಹೊರತಲ್ಲ. ಗಾಳ ಹಾಕುವವರು ಒಂದು ನೀರಿನ ಜೀವಂತ ಎರೆಯನ್ನು ಇನ್ನೊಂದು ನೀರಿಗೆ ಒಯ್ಯಬಾರದು. ಬೇಸಿಗೆಯಲ್ಲಿ ಮಕ್ಕಳು ನೀರಾಟಕ್ಕೆ ಕಲ್ಲು ಕಟ್ಟಿ ಮಾಡುವ ಕಿರುಕಟ್ಟೆಗಳನ್ನು ಹೊರಡುವಾಗ ಬಿಚ್ಚಿಬಿಡುವುದು ಒಳ್ಳೆಯದು. ಕಡಿಮೆ ಹರಿವಿನ ದಿನಗಳಲ್ಲಿ ಸಣ್ಣ ಮೀನಿಗೆ ಅದೂ ದಾಟಲಾಗದ ಗೋಡೆ. ಹುಲ್ಲುಹಾಸಿಗೆ ಬದಲಾಗಿ ಸ್ಥಳೀಯ ಗಿಡ ಬೆಳೆಸಿದರೆ ಚರಂಡಿಗೆ ಹರಿಯುವ ಬೇಸಿಗೆಯ ನೀರು ಅಷ್ಟು ಕಡಿಮೆಯಾಗುತ್ತದೆ. ಅರುಂಡೊ ಕೀಳುವ, ದಡ ಸ್ವಚ್ಛಗೊಳಿಸುವ ಸ್ವಯಂಸೇವಕರ ತಂಡಗಳು ಎರಡೂ ನಗರಗಳ ಸುತ್ತ ಇವೆ.

ಶೃಂಗೇರಿಯ ತುಂಗೆಯಲ್ಲಿ, ಶಿಶಿಲದ ಕಪಿಲೆಯಲ್ಲಿ ದೇವರ ಮೀನೆಂಬ ಭಾವನೆ ಮೀನುಗಳನ್ನು ಕಾಯ್ದಿದೆ. ಅರೋಯೊ ಚಬ್‌ಗೆ ಅಂಥ ದೇವಸ್ಥಾನದ ಮೆಟ್ಟಿಲಿಲ್ಲ. ಅದಕ್ಕೆ ಬೇಕಾದದ್ದು ಬೇಸಿಗೆಯಲ್ಲಿ ಬತ್ತದ ಒಂದು ಮಡು, ಮೊಟ್ಟೆ ಅಂಟಿಸಲು ನಾಲ್ಕು ನೀರಗಿಡ, ಮಳೆಗಾಲದಲ್ಲಿ ಮೇಲಕ್ಕೂ ಕೆಳಕ್ಕೂ ಹೋಗಲು ತೆರೆದ ದಾರಿ. ಅವು ಮೂರೂ ಒಟ್ಟಿಗೆ ಉಳಿದಿರುವ ಜಾಗಗಳನ್ನು ಈಗ ಬೆರಳಲ್ಲಿ ಎಣಿಸಬಹುದು.